ಅಟ್ಟದ ರೀಲು, ಕಪಾಟಿನ ಕ್ಯಾಸೆಟ್ಟು: ಪತ್ತನಾಜೆಗೆ ಮೊದ್ಲು ಎಂತೆಲ್ಲ ಮಾಡ್ಬೇಕು

ಹಳೇ ರೀಲೋ ಕ್ಯಾಸೆಟ್ಟೋ ಸಿಕ್ಕಿದ ಕೂಡ್ಲೆ ಎಲ್ಲರಿಗೂ ಒಂದೇ ಆಸೆ, ಒಮ್ಮೆ ಹಾಕಿ ನೋಡುವ ಅಂತ. ದಯವಿಟ್ಟು ಹಾಕ್ಬೇಡಿ ಮಾರಾಯ್ರೆ. ಇಷ್ಟು ವರ್ಷ ಅಟ್ಟದಲ್ಲಿ ಬಿದ್ದದ್ದು ಇನ್ನೂ ನಾಲ್ಕು ದಿನ ಬೇಕಾದ್ರೆ ಕಾಯ್ತದೆ, ಆದ್ರೆ ಬೂಷ್ಟು ಹಿಡಿದ ಟೇಪನ್ನು ಡೆಕ್ಕಿಗೆ ತುರುಕಿದ್ರೆ ಟೇಪೂ ಹೋಯ್ತು ಹೆಡ್ಡೂ ಹೋಯ್ತು, ಅದೇ ಡೆಕ್ಕಿಗೆ ಆಮೇಲೆ ಹಾಕಿದ ಒಳ್ಳೆ ಕ್ಯಾಸೆಟ್ಟಿಗೂ ಬೂಷ್ಟು ದಾಟಿತು. ಕುಗ್ಗಿ ಹೋದ ಫಿಲ್ಮನ್ನು ಹಳೇ ಪ್ರೊಜೆಕ್ಟರಿಗೆ ಏರಿಸಿದ್ರಂತೂ ಅದರ ಹಲ್ಲುಚಕ್ರ ಫಿಲ್ಮಿನ ತೂತುಗಳನ್ನು ಸಾಲಾಗಿ ಹರಿದುಕೊಂಡೇ ಹೋಗ್ತದೆ. ಮೊದ್ಲು ನೋಡ್ಬೇಕಾದ್ದು ಒಳಗೆ ಎಂತ ಉಂಟು ಅಂತ ಅಲ್ಲ, ಕೈಲಿರುವ ವಸ್ತು ಯಾವ ಜಾತಿದು, ಯಾವ ಸ್ಥಿತಿಲಿ ಉಂಟು ಅಂತ.

ಇದನ್ನೆಲ್ಲ ಯಾಕೆ ತಲೆಗೆ ಹಚ್ಚಿಕೊಳ್ಬೇಕು ಅಂತ ಕೇಳುವವರಿಗೆ ಒಂದೇ ಮಾತು. ಕನ್ನಡದ ಮೊದಲ ಮಾತಿನ ಸಿನಿಮಾ 1934ರ ಸತಿ ಸುಲೋಚನ, ಅದರ ಒಂದು ಪ್ರಿಂಟೂ ಉಳಿದಿಲ್ಲ. 1931ರ ಆಲಂ ಆರಾ, ಇಡೀ ದೇಶದ ಮೊದಲ ಟಾಕಿ, ಅದೂ ಇಲ್ಲ. ದುಡ್ಡು ಹಾಕಿ ಮಾಡಿ ಊರೂರಲ್ಲಿ ತೋರಿಸಿದ ಸಿನಿಮಾಗಳ ಗತಿ ಇದು. ನಮ್ಮ ಕಾಸರಗೋಡು ಜಿಲ್ಲೆಯ ನೀರ್ಚಾಲು, ಬದಿಯಡ್ಕ, ಪೆರ್ಲ, ಮಂಜೇಶ್ವರ ಕಡೆ ಮನೆಗಳಲ್ಲಿರುವ ಸೂಪರ್ 8 ರೀಲು ಇನ್ನೂ ಕಷ್ಟದ್ದು, ಯಾಕಂದ್ರೆ ಮನೆ ಬಳಕೆಯ ಆ ಫಿಲ್ಮು ಹೆಚ್ಚಾಗಿ ರಿವರ್ಸಲ್ ಫಿಲ್ಮು, ಅಂದ್ರೆ ಕ್ಯಾಮೆರಾದೊಳಗೆ ಓಡಿದ ಆ ಪಟ್ಟಿಯೇ ತೊಳೆದ ಮೇಲೆ ನೋಡುವ ಪಟ್ಟಿಯೂ ಆಗ್ತದೆ. ಅದಕ್ಕೆ ನೆಗೆಟಿವ್ ಅಂತ ಬೇರೆ ಇಲ್ಲ. ಅದು ಹೋದ್ರೆ ಹೋಯ್ತು. ಬಯಲಾಟ, ತಾಳಮದ್ದಳೆ, ತರವಾಡು ಮನೆಯ ನೇಮ, ಬ್ರಹ್ಮಕಲಶ, ಗಲ್ಫಿಂದ ಕಳಿಸಿದ ಕ್ಯಾಸೆಟ್ಟು, ಶಾಲೆ ವಾರ್ಷಿಕೋತ್ಸವ, ಇವುಗಳನ್ನು ಹುಡುಕಿಕೊಂಡು ತಿರುವನಂತಪುರದಿಂದಲೋ ಬೆಂಗಳೂರಿಂದಲೋ ಯಾರಾದ್ರೂ ಬರ್ತಾರೆ ಅಂತ ಕೂತ್ರೆ ಆಗುವ ಕೆಲಸ ಅಲ್ಲ ಇದು.

ಸರಿ, ಮೊದ್ಲು ಅಗಲ ಅಳೀರಿ, ಶಾಲೆ ಮಕ್ಕಳ ಸ್ಕೇಲು ಸಾಕು. 8 ಮಿಲಿಮೀಟರ್ ಇದ್ರೆ ಅದರಲ್ಲಿ ಎರಡು ಬಗೆ, ತೂತು ದೊಡ್ಡದಾಗಿದ್ದು ಎರಡು ಫ್ರೇಮಿನ ನಡುವಿನ ಗೆರೆ ಹತ್ರ ಇದ್ರೆ ರೆಗ್ಯುಲರ್ 8, ಕೊಡಾಕ್ 1932ರಲ್ಲಿ ತಂದದ್ದು. ತೂತು ಸಣ್ಣದಾಗಿ ಫ್ರೇಮಿನ ಮಧ್ಯಕ್ಕೆ ಸರಿಯಾಗಿ ಇದ್ರೆ ಸೂಪರ್ 8, ಅದು 1965ರಿಂದ ಈಚೆಗೆ. 16 ಮಿಲಿಮೀಟರ್ ಇದ್ರೆ ಶಾಲೆದೋ ಯಾವುದಾದ್ರೂ ಇಲಾಖೆದೋ ಆಗಿರುವ ಚಾನ್ಸ್ ಹೆಚ್ಚು. ಈ ಮೂರೂ ಮೊದಲಿಂದಲೂ ಸೇಫ್ಟಿ ಫಿಲ್ಮಿನಲ್ಲೇ ಬಂದದ್ದು, ಬೆಂಕಿಯ ಹೆದರಿಕೆ ಇಲ್ಲ.

ಹೆದರ್ಬೇಕಾದ್ದು 35 ಮಿಲಿಮೀಟರಿಗೆ. ಮುಚ್ಚಿದ ಟಾಕೀಸಿನ ಮೂಲೆಲಿ, ಹಳೇ ಟೂರಿಂಗ್ ಟಾಕೀಸ್ ನಡೆಸಿದವರ ಮನೇಲಿ ಇಂಥದ್ದು ಸಿಗುವುದುಂಟು. 1950ರ ದಶಕದ ಶುರುವಿಗಿಂತ ಹಳತು ಅಂತ ಡೌಟು ಬಂದ್ರೆ, ಅಂಚಿನಲ್ಲಿ ಸೇಫ್ಟಿ ಅಂತ ಅಚ್ಚು ಕಾಣದಿದ್ರೆ, ಅದು ನೈಟ್ರೇಟ್, ಅಂದ್ರೆ ಬೇಗ ಬೆಂಕಿ ಹಿಡಿಯುವ ಹಳೇ ಕಾಲದ ಫಿಲ್ಮು, ಅಂತಲೇ ತಿಳ್ಕೊಳ್ಳಿ. ನೈಟ್ರೇಟ್ ಉರೀಲಿಕ್ಕೆ ಶುರುವಾದ್ರೆ ತನಗೆ ಬೇಕಾದ ಆಮ್ಲಜನಕವನ್ನು ತಾನೇ ಬಿಡ್ತದೆ, ಹಾಗಾಗಿ ನೀರೊಳಗೆ ಮುಳುಗಿಸಿದ್ರೂ ಆರುವುದಿಲ್ಲ. ಹಾಳಾಗಿ ಕಂದು ಪುಡಿ ಉದುರುವ ಹಂತಕ್ಕೆ ಬಂದದ್ದು 40 ಡಿಗ್ರಿ ಚಿಲ್ಲರೆ ಸೆಕೆಗೇ ತನ್ನಷ್ಟಕ್ಕೆ ಹತ್ತಿಕೊಳ್ಬಹುದು, ಏಪ್ರಿಲಿನಲ್ಲಿ ನಮ್ಮ ಶೀಟಿನ ಮಾಡಿನಡಿ ಎಷ್ಟು ಕಾಯ್ತದೆ ಅಂತ ನಿಮಗೇ ಗೊತ್ತುಂಟಲ್ಲ. ಪುಣೆಯಲ್ಲಿ 2003ರ ಜನವರಿಯಲ್ಲಿ ರಾಷ್ಟ್ರೀಯ ಫಿಲ್ಮ್ ಆರ್ಕೈವಿನ ನೈಟ್ರೇಟ್ ಗೋಡೌನಿಗೇ ಬೆಂಕಿ ಬಿದ್ದು ಎಷ್ಟೋ ಹಳೇ ಚಿತ್ರ ಹೋದದ್ದು. ಇಂಥ ಡಬ್ಬ ಸಿಕ್ಕಿದ್ರೆ ಮನೆಯಿಂದ ಹೊರಗೆ, ನೆರಳಲ್ಲಿ, ತಂಪಿಗೆ ಇಡಿ, ಪಾರ್ಸೆಲ್ ಮಾಡ್ಬೇಡಿ, ಬಸ್ಸಲ್ಲಿ ಹಿಡ್ಕೊಂಡು ಹೋಗ್ಬೇಡಿ, ಪುಣೆ ಆರ್ಕೈವಿಗೆ ಫೋನ್ ಮಾಡಿ ಅವರು ಹೇಳಿದ ಹಾಗೆ ಮಾಡಿ.

ಆಮೇಲೆ ಮೂಗು. ಡಬ್ಬದ ಮುಚ್ಚಳ ತೆಗೆದ ಕೂಡ್ಲೆ ವಿನಿಗರಿನ ಹುಳಿ ವಾಸನೆ ಹೊಡೆದ್ರೆ ಸೇಫ್ಟಿ ಫಿಲ್ಮಿನ ಪಟ್ಟಿಯ ಪ್ಲಾಸ್ಟಿಕ್ಕಾದ ಅಸಿಟೇಟ್ ಕೆಡ್ಲಿಕ್ಕೆ ಶುರುವಾಗಿದೆ ಅಂತ ಲೆಕ್ಕ. ಅದರಿಂದ ಬರುವ ಆಮ್ಲವೇ ಅದನ್ನು ಇನ್ನೂ ಬೇಗ ಕೆಡಿಸ್ತದೆ, ಪಕ್ಕದಲ್ಲಿದ್ದ ಒಳ್ಳೆ ರೀಲಿಗೂ ಆ ಆವಿ ಕೆಟ್ಟದ್ದೇ. ಹಿಂದೆ ತರ್ಲಿಕ್ಕೆ ಆಗುವುದಿಲ್ಲ, ನಿಧಾನ ಮಾಡ್ಬಹುದು ಅಷ್ಟೆ. ಕಣ್ಣಿಗೆ ಕಾಣದ ಹಂತ ತಿಳೀಬೇಕಂದ್ರೆ ಎ-ಡಿ ಸ್ಟ್ರಿಪ್ ಅಂತ ಬರ್ತದೆ, ಅಮೆರಿಕದ ರೋಚೆಸ್ಟರಿನ ಇಮೇಜ್ ಪರ್ಮನೆನ್ಸ್ ಇನ್‌ಸ್ಟಿಟ್ಯೂಟಿನವರು ಮಾಡಿದ್ದು, ನೀಲಿ ಕಾಗದದ ತುಂಡು, ಡಬ್ಬದೊಳಗೆ ಇಟ್ಟು ಒಂದಿನ ಬಿಟ್ಟು ನೋಡಿದ್ರೆ ಆಮ್ಲ ಇದ್ದ ಹಾಗೆ ಹಸಿರಿಗೆ, ಮತ್ತೆ ಹಳದಿಗೆ ತಿರುಗಿರ್ತದೆ. ತರಿಸ್ಲಿಕ್ಕೆ ದುಬಾರಿ ಅನಿಸಿದ್ರೆ ಮೂಗೇ ಸಾಕು, ಆದ್ರೆ ಹತ್ತಾರು ರೀಲು ಇದ್ದು ಯಾವುದನ್ನು ಮೊದ್ಲು ಸ್ಕ್ಯಾನಿಗೆ ಕೊಡುವುದು ಅಂತ ತೀರ್ಮಾನ ಮಾಡ್ಬೇಕಾದ್ರೆ ಈ ಸ್ಟ್ರಿಪ್ಪಿಗೆ ಕೊಟ್ಟ ದುಡ್ಡು ದಂಡ ಅಲ್ಲ.

ಈಗ ನಮ್ಮೂರಿನ ಅಸಲು ಸಮಸ್ಯೆ, ಮಳೆ. ಜೂನ್ ಜುಲೈಲಿ ನಮ್ಮಲ್ಲಿ ಗಾಳಿಯ ತೇವ 90 ಪರ್ಸೆಂಟ್ ಹತ್ರ ಹತ್ರ ಹೋಗ್ತದೆ, ಚಪ್ಪಲಿಗೇ ಬೂಷ್ಟು ಬರುವ ಕಾಲ. ಫಿಲ್ಮಿಗೆ ಟೇಪಿಗೆ ಬೇಕಾದ್ದು 30ರಿಂದ 50 ಪರ್ಸೆಂಟ್, 65 ದಾಟಿತು ಅಂದ್ರೆ ಬೂಷ್ಟು ಎದ್ದೇ ಏಳ್ತದೆ. ಪಾಶ್ಚಾತ್ಯ ಪುಸ್ತಕಗಳಲ್ಲಿ ತಂಪಾದ ಒಣ ಕೋಣೇಲಿ ಇಡಿ ಅಂತ ಆರಾಮಲ್ಲಿ ಬರೀತಾರೆ, ಆಟಿ ತಿಂಗಳಲ್ಲಿ ಕುಂಬಳೆಲಿ ಅಂಥ ಕೋಣೆ ಎಲ್ಲಿಂದ ತರುವುದು. ಹಾಗಾಗಿ ಕೋಣೆ ಬಿಡಿ, ಡಬ್ಬ ಒಣಗಿರ್ಲಿ. ಏರ್‌ಟೈಟ್ ಪ್ಲಾಸ್ಟಿಕ್ ಡಬ್ಬ, ಪಾಲಿಪ್ರೊಪಿಲೀನಿಂದು ಆದ್ರೆ ಒಳ್ಳೇದು, ಪಿವಿಸಿ ಬೇಡ, ಅದರೊಳಗೆ ಸಿಲಿಕಾ ಜೆಲ್ ಚೀಲ, ಜೊತೆಗೆ ಆನ್‌ಲೈನಲ್ಲಿ ಕಡಿಮೆ ರೇಟಿಗೆ ಸಿಗುವ ಒಂದು ಸಣ್ಣ ಹೈಗ್ರೋಮೀಟರ್, ಅಂದ್ರೆ ತೇವ ಅಳೆಯುವ ಮೀಟರ್. ಮೀಟರ್ 50 ದಾಟಿದ ಹಾಗೆ ಜೆಲ್ ತೆಗೆದು ಓವನಲ್ಲಿ ಬಿಸಿ ಮಾಡಿ ಒಣಗಿಸಿ ವಾಪಸ್ ಹಾಕಿ. ಯಕ್ಷಗಾನ ಮೇಳದವರು ಪತ್ತನಾಜೆಗೆ, ಅಂದ್ರೆ ಮೇ ಕೊನೆಯ ಹೊತ್ತಿಗೆ ತಿರುಗಾಟ ಮುಗಿಯುವ ದಿನ, ಗೆಜ್ಜೆ ಬಿಚ್ಚುವ ಹೊತ್ತಿಗೆ ನಿಮ್ಮ ಡಬ್ಬ ಮುಚ್ಚಿ ಆಗಿರ್ಬೇಕು, ಅದೂ ಒಳ್ಳೆ ಬಿಸಿಲಿರುವ ದಿನ ಮಧ್ಯಾಹ್ನ ಮುಚ್ಬೇಕು, ಮಳೆ ಬಂದ ಮೇಲೆ ಮುಚ್ಚಿದ್ರೆ ತೇವವನ್ನೇ ಒಳಗೆ ಕೂಡಿಹಾಕಿದ ಹಾಗೆ ಆಗ್ತದೆ. ಫೋಟೋಗ್ರಾಫರುಗಳು ಲೆನ್ಸ್ ಇಡುವ ಕರೆಂಟಿನ ಡ್ರೈ ಕ್ಯಾಬಿನೆಟ್ ಬರ್ತದಲ್ಲ, ನಾಲ್ಕೈದು ಮನೆಯವರು ಸೇರಿಯೋ ಊರಿನ ಲೈಬ್ರರಿಯವರೋ ಅದೊಂದು ತೆಗೊಂಡ್ರೆ ಈ ತಲೆಬಿಸಿ ಎಲ್ಲ ಇಲ್ಲ.

ಹುಳಿ ವಾಸನೆ ಬರುವ ರೀಲನ್ನು ಮಾತ್ರ ಹೀಗೆ ಬಿಗಿಯಾಗಿ ಮುಚ್ಬೇಡಿ, ಆವಿ ಒಳಗೇ ನಿಂತು ಕೆಲಸ ಕೆಡಿಸ್ತದೆ. ಅದನ್ನು ಬೇರೆಯೇ ಇಟ್ಟು ಗಾಳಿ ಆಡ್ಲಿಕ್ಕೆ ಬಿಟ್ಟು ಎಷ್ಟು ಬೇಗ ಆಗ್ತದೋ ಅಷ್ಟು ಬೇಗ ಸ್ಕ್ಯಾನ್ ಮಾಡಿಸಿ. ಸ್ಕ್ಯಾನಿಗೆ ತಡ ಆಗುವುದಾದ್ರೆ ಫ್ರಿಜ್ಜು, ಎರಡು ಜಿಪ್ ಕವರೊಳಗೆ ಹಾಕಿ, ನಡುವೆ ಸಿಲಿಕಾ ಜೆಲ್ ಇಟ್ಟು. ತೆಗೆಯುವಾಗ ಒಂದಿಡೀ ದಿನ ಕವರ್ ಬಿಚ್ಚದೆ ಹೊರಗಿಡಿ, ಕೂಡ್ಲೆ ಬಿಚ್ಚಿದ್ರೆ ನಮ್ಮ ಸೆಕೆಗೆ ಫಿಲ್ಮಿನ ಮೇಲೆಲ್ಲ ನೀರು ಕೂತ್ಕೊಳ್ತದೆ.

ನಮ್ಮ ಮನೆಗಳ ಕೆಲವು ಅಭ್ಯಾಸ ಇಲ್ಲಿ ಉಲ್ಟಾ ಹೊಡೀತದೆ. ಅಡಿಗೆಮನೆ ಮೇಲಿನ ಅಟ್ಟ ಬೆಚ್ಚಗಿರ್ತದೆ ಅಂತ ಅಲ್ಲಿ ಇಡುವುದು, ಹೊಗೆ ಮತ್ತೆ ಸೆಕೆ ಎರಡೂ ಬೇಡ. ಕಪಾಟಿಗೆ ನುಸಿಗುಳಿಗೆ ಹಾಕುವುದು, ಅದೂ ಬೇಡ, ಆ ವಾಸನೆಯ ರಾಸಾಯನಿಕ ಫಿಲ್ಮಿಗೆ ಆಗುವುದಿಲ್ಲ. ರಬ್ಬರ್ ಬ್ಯಾಂಡ್, ಪೇಪರ್ ಸುತ್ತುವುದು, ತುಕ್ಕು ಹಿಡಿದ ಹಳೇ ತಗಡಿನ ಡಬ್ಬ, ಎಲ್ಲ ತೆಗೀರಿ, ಆದ್ರೆ ಡಬ್ಬದ ಮೇಲೆ ಬರೆದದ್ದರ ಫೋಟೋ ತೆಗೆದಿಟ್ಟು ಆಮೇಲೆ ಬಿಸಾಡಿ. ಒರಲೆ ಬರುವ ಗೋಡೆಗೆ ತಾಗಿಸಿ ಇಡ್ಬೇಡಿ. ಫಿಲ್ಮ್ ರೀಲು ಮಲಗಿಸಿ ಇಡ್ಬೇಕು, ಕ್ಯಾಸೆಟ್ಟು ಪುಸ್ತಕದ ಹಾಗೆ ನಿಲ್ಲಿಸಿ.

ಬೂಷ್ಟು ಆಗಿಯೇ ಹೋಗಿದೆ ಅಂತಾದ್ರೆ ಮಾಸ್ಕ್ ಗ್ಲೌಸ್ ಹಾಕಿ, ಆ ಧೂಳು ಶ್ವಾಸಕ್ಕೆ ಹೋದ್ರೆ ದಮ್ಮಿನವರಿಗೆ ಬಹಳ ಕಷ್ಟ. ಅಡಿಕೆ ಒಣಗಿಸುವ ಅಂಗಳಕ್ಕೆ ತಂದು ಬಿಸಿಲಿಗೆ ಹರಡುವ ಯೋಚನೆ ಮಾತ್ರ ಮಾಡ್ಬೇಡಿ, ಬಿಸಿಲಿಗೆ ಫಿಲ್ಮು ಸುರುಟಿಕೊಳ್ತದೆ ಬಣ್ಣವೂ ಹೋಗ್ತದೆ. ಸಿಲಿಕಾ ಜೆಲ್ ಜೊತೆ ಡಬ್ಬದಲ್ಲಿ ಇಟ್ಟು ಮೊದ್ಲು ಬೂಷ್ಟು ಒಣಗಿ ಪುಡಿ ಆಗ್ಲಿ, ಹಸಿ ಇರುವಾಗ ಉಜ್ಜಿದ್ರೆ ಹರಡ್ತದೆ. ಮತ್ತೆ ಹೊರಗೆ ನೆರಳಲ್ಲಿ ಕೂತು ಮೆತ್ತಗಿನ ಬ್ರಶ್ಶಲ್ಲಿ ನಿಮ್ಮ ಮೈಯಿಂದ ಆಚೆಗೆ ಉಜ್ಜಿ. ಫಿಲ್ಮಿಗೆ ನೀರು ತಾಗಿಸ್ಬೇಡಿ, ಚಿತ್ರ ನಿಂತಿರುವುದೇ ಜೆಲಾಟಿನ್ ಪದರದ ಮೇಲೆ, ಬೂಷ್ಟು ತಿಂದ ಜಾಗದಲ್ಲಿ ಅದು ನೀರಿಗೆ ಕರಗಿ ಬರ್ತದೆ. 99 ಪರ್ಸೆಂಟ್ ಐಸೊಪ್ರೊಪೈಲ್ ಆಲ್ಕೊಹಾಲ್ ಆಗ್ತದೆ, ಮೆತ್ತನೆ ಬಟ್ಟೆಗೆ ಚೂರು ಹಾಕಿ, ಮೊದ್ಲು ಲೀಡರ್, ಅಂದ್ರೆ ರೀಲಿನ ತುದಿಯ ಚಿತ್ರ ಇಲ್ಲದ ಖಾಲಿ ಪಟ್ಟಿಯಲ್ಲಿ ಪರೀಕ್ಷೆ ಮಾಡಿ. ಕೊರೋನಾ ಕಾಲದಲ್ಲಿ ಉಳಿದ ಸ್ಯಾನಿಟೈಸರ್ ಉಂಟು ಅಂತ ಅದನ್ನು ಹಾಕ್ಬೇಡಿ, ಅದರಲ್ಲಿ ನೀರು ಗ್ಲಿಸರಿನ್ ಎಲ್ಲ ಇರ್ತದೆ. ಅಂಚಲ್ಲಿ ಕಂದು ಗೆರೆ ಇರುವ ಸೂಪರ್ 8 ಆದ್ರೆ ಆ ಗೆರೆ ಸೌಂಡಿನದ್ದು, ಅಲ್ಲಿಗೆ ಎಂತದ್ದೂ ಬೇಡ.

ಹಂಚು ಸೋರಿ ರೀಲು ನೆನೆದೇ ಹೋಯ್ತು ಅಂತ ಆದ್ರೆ ವಿಚಿತ್ರ ಅನಿಸಿದ್ರೂ ಸರಿ, ಒಣಗ್ಲಿಕ್ಕೆ ಬಿಡ್ಬೇಡಿ. ಸುತ್ತಿದ ಹಾಗೇ ಒಣಗಿದ್ರೆ ಪದರಗಳು ಒಂದಕ್ಕೊಂದು ಅಂಟಿ ಮತ್ತೆ ಬಿಡಿಸ್ಲಿಕ್ಕಾಗುವುದಿಲ್ಲ. ಚೊಕ್ಕ ತಣ್ಣೀರಲ್ಲಿ ಮುಳುಗಿಸಿ ಇಟ್ಟು ಎರಡು ದಿನದೊಳಗೆ ಲ್ಯಾಬಿಗೆ ಮುಟ್ಟಿಸ್ಬೇಕು. ವಿಡಿಯೋ ಟೇಪಿಗೆ ಈ ನಿಯಮ ಅಲ್ಲ, ಅದನ್ನು ಡಿಸ್ಟಿಲ್ಡ್ ವಾಟರಲ್ಲಿ ತೊಳೆದು ಬಿಸಿ ತಾಗಿಸದೆ ಗಾಳಿಗೆ ಒಣಗಿಸಿ.

ವಿಎಚ್‌ಎಸ್ ವಿಷಯಕ್ಕೆ ಬಂದ್ರೆ ಮೊದ್ಲು ಕ್ಯಾಸೆಟ್ಟಿನ ಹಿಂಬದಿ ಮೂಲೆಯ ಸಣ್ಣ ಪ್ಲಾಸ್ಟಿಕ್ ಟ್ಯಾಬ್ ಮುರೀರಿ, ಯಾರೋ ಗೊತ್ತಿಲ್ಲದೆ ರೆಕಾರ್ಡ್ ಒತ್ತಿದ್ರೂ ಅಜ್ಜನ ಷಷ್ಟ್ಯಬ್ದಿ ಉಳೀತದೆ. ಹೊರಗಿನ ಶೆಲ್ಲು ಒಡೆದಿದ್ರೆ 5 ಸ್ಕ್ರೂ ಬಿಚ್ಚಿ ಟೇಪನ್ನು ಬೇರೆ ಒಳ್ಳೆ ಶೆಲ್ಲಿಗೆ ದಾಟಿಸ್ಬಹುದು, ಕಷ್ಟ ಇಲ್ಲ, ಬಿಚ್ಚುವಾಗ ಟೇಪ್ ಹೋಗುವ ದಾರಿಯ ಫೋಟೋ ಒಂದು ತೆಗೆದಿಟ್ಟುಕೊಳ್ಳಿ. ಕಷ್ಟ ಇರುವುದು ಡೆಕ್ಕಿಗೆ. ಕೊನೆವರೆಗೆ ವಿಸಿಆರ್ ಮಾಡ್ತಿದ್ದ ಜಪಾನಿನ ಫುನಾಯ್ 2016ರಲ್ಲಿ ನಿಲ್ಲಿಸಿದ ಮೇಲೆ ಹೊಸತು ಅಂತ ಇಲ್ಲ, ಇರುವುದರ ರಬ್ಬರ್ ಬೆಲ್ಟು ಪಿಂಚ್ ರೋಲರ್ ಎಲ್ಲ ಗಟ್ಟಿಯಾಗ್ತಾ ಬಂದಿದೆ. ಟೇಪಿಗಿಂತ ಮೊದ್ಲು ಯಂತ್ರ ಹೋಗುವ ಹೆದರಿಕೆಯೇ ಹೆಚ್ಚು, ಅದಕ್ಕೇ ವಿಎಚ್‌ಎಸ್ ಇರುವವರು ಇನ್ನು ಮುಂದೂಡ್ಬೇಡಿ ಅಂತ ನಾನು ಹೇಳುವುದು. ನಮ್ಮ ಕಡೆಗೆ ವಿಶೇಷವಾದ ಇನ್ನೊಂದು ತೊಂದರೆ ಗಲ್ಫ್ ಕ್ಯಾಸೆಟ್ಟು. ಟಿವಿಯ ಬಣ್ಣದ ಪದ್ಧತಿ ದುಬೈಯಲ್ಲಿ ನಮ್ಮ ಹಾಗೇ ಪಾಲ್, ಆದ್ರೆ ಸೌದಿಯಲ್ಲಿ ಆಗ ಸೆಕಾಮ್ ಅನ್ನುವ ಬೇರೆ ಪದ್ಧತಿ ಇತ್ತು, ಅಲ್ಲಿಂದ ಬಂದ ಟೇಪನ್ನು ಬರೀ ಪಾಲ್ ಡೆಕ್ಕಿಗೆ ಹಾಕಿದ್ರೆ ಕಪ್ಪು ಬಿಳುಪು ಕಾಣ್ತದೆ. ಬಣ್ಣ ಹೋಗಿದೆ ಅಂತ ಬಿಸಾಡ್ಬೇಡಿ, ಬಣ್ಣ ಅಲ್ಲೇ ಉಂಟು, ಎರಡೂ ಪದ್ಧತಿ ಓದುವ ಮಲ್ಟಿಸಿಸ್ಟಮ್ ಡೆಕ್ ಬೇಕು, ಗಲ್ಫಿಂದ ಬಂದವರ ಮನೇಲೇ ಹುಡುಕಿ, ಶೋಕೇಸಿನ ಅಡಿಯಲ್ಲಿ ಒಂದಾದ್ರೂ ಸಿಗ್ತದೆ. ಹಾಗೆಯೇ ಹೈ8, ಮಿನಿ ಡಿವಿ ಕ್ಯಾಸೆಟ್ಟುಗಳಿಗೆ ಅದೇ ಕ್ಯಾಮೆರಾ ಬೇಕಾಗ್ತದೆ, ಲೆನ್ಸ್ ಒಡೆದ ಕ್ಯಾಮ್‌ಕಾರ್ಡರನ್ನೂ ಗುಜಿರಿಗೆ ಹಾಕ್ಬೇಡಿ, ಪ್ಲೇ ಆಗ್ತದಾದ್ರೆ ಸಾಕು.

ಡಿಜಿಟಲ್ ಮಾಡಿಸ್ಲಿಕ್ಕೆ ಮಂಗ್ಳೂರಿಗೋ ಬೆಂಗ್ಳೂರಿಗೋ ಕೊಡುವಾಗ ಅಂಗಡಿಯವರಿಗೆ ಕೇಳ್ಬೇಕಾದ ಪ್ರಶ್ನೆ, ಫಿಲ್ಮನ್ನು ಗೋಡೆಗೆ ಬಿಟ್ಟು ಎದುರಿಂದ ಕ್ಯಾಮೆರಾದಲ್ಲಿ ತೆಗೀತೀರಾ ಅಥವಾ ಫ್ರೇಮ್ ಫ್ರೇಮ್ ಸ್ಕ್ಯಾನ್ ಮಾಡ್ತೀರಾ. ಗೋಡೆಗೆ ಬಿಡುವುದಾದ್ರೆ ನಮಸ್ಕಾರ ಹೇಳಿ ಬನ್ನಿ. ಎರಡನೇದು, ಸ್ಕ್ಯಾನರಿಗೆ ಹಲ್ಲುಚಕ್ರ ಉಂಟಾ, ಕುಗ್ಗಿದ ಫಿಲ್ಮಿಗೆ ಹಲ್ಲಿಲ್ಲದ್ದೇ ಆಗ್ಬೇಕು. ಸ್ಪೀಡು ಕೂಡ ಹೇಳಿ ಕೊಡಿ, ಸೂಪರ್ 8 ಸಾಮಾನ್ಯವಾಗಿ ಸೆಕೆಂಡಿಗೆ 18 ಫ್ರೇಮು, ರೆಗ್ಯುಲರ್ 8 ಆದ್ರೆ 16, ಅದನ್ನು 25ಕ್ಕೆ ಓಡಿಸಿ ಕೊಟ್ರೆ ದಿಬ್ಬಣದವರೆಲ್ಲ ಓಡ್ತಾ ಇರ್ತಾರೆ. 50 ಅಡಿಯ ಒಂದು ಸೂಪರ್ 8 ರೀಲಲ್ಲಿ ಇರುವುದು 3 ನಿಮಿಷ 20 ಸೆಕೆಂಡು ಅಷ್ಟೆ, ರೇಟು ಮಾತಾಡುವಾಗ ನೆನಪಿರ್ಲಿ.

ಟೇಪಿಗೆ ಎಸ್-ವಿಡಿಯೋ ಔಟ್ ಇರುವ ಡೆಕ್ಕು, ನಡುವೆ ಟೈಮ್ ಬೇಸ್ ಕರೆಕ್ಟರ್, ಇದಿಲ್ಲದಿದ್ರೆ ಚಿತ್ರದ ಅಂಚು ಬಳುಕ್ತಾ ಇರ್ತದೆ. ಮಾಸ್ಟರ್ ಫೈಲು, ಅಂದ್ರೆ ಮುಟ್ಟದೆ ಇಡುವ ಮೊದಲ ಪ್ರತಿ, 720 ಗುಣಿಸು 576 ಪಿಕ್ಸೆಲಲ್ಲೇ, ಇಂಟರ್‌ಲೇಸ್, ಅಂದ್ರೆ ಗೆರೆ ಬಿಟ್ಟು ಗೆರೆ ಚಿತ್ರ ತೋರಿಸುವ ಹಳೇ ಟಿವಿಯ ಕ್ರಮ, ಇದ್ದ ಹಾಗೇ ಇರ್ಲಿ. ಕಂಪ್ರೆಸ್ ಮಾಡದ್ದು ಗಂಟೆಗೆ 75 ಜಿಬಿ ಆಸುಪಾಸು ಬರ್ತದೆ, ಎಫ್‌ಎಫ್‌ವಿ1 ಅನ್ನುವ ಫಾರ್ಮ್ಯಾಟಿಗೆ ಹಾಕಿದ್ರೆ ಒಂದು ಚೂರೂ ಕ್ವಾಲಿಟಿ ಹೋಗದೆ ಅರ್ಧದ ಲೆಕ್ಕಕ್ಕೆ ಇಳೀತದೆ. ಮಿನಿ ಡಿವಿ ಆದ್ರೆ ಫೈರ್‌ವೈರ್ ಕೇಬಲಿಂದ ಇದ್ದದ್ದನ್ನು ಇದ್ದ ಹಾಗೆ ಇಳಿಸಿ, ಗಂಟೆಗೆ 13 ಜಿಬಿ. ಈಗ ಎಲ್ಲರಿಗೂ ಎಐ ಹುಚ್ಚು, ಮುಖ ಶಾರ್ಪ್ ಮಾಡಿ ಕೊಡ್ತೇವೆ ಅಂತಾರೆ, ಅದು ಮಾಡುವುದು ನಿಮ್ಮ ಅಜ್ಜಿಯ ಮುಖಕ್ಕೆ ಬೇರೆ ಯಾರದ್ದೋ ಕಣ್ಣು ಮೂಗು ಊಹಿಸಿ ಅಂಟಿಸುವುದು. ಬೇಕಾದ್ರೆ ಕಾಪಿಗೆ ಮಾಡಿಸಿ, ಮಾಸ್ಟರಿಗೆ ಕೈ ಹಾಕಿಸ್ಬೇಡಿ. ವಾಟ್ಸಾಪಲ್ಲಿ ಕಳಿಸಿದ್ದು ಯೂಟ್ಯೂಬಿಗೆ ಹಾಕಿದ್ದು ಯಾವುದೂ ಬ್ಯಾಕಪ್ ಅಲ್ಲ, ಎರಡೂ ಫೈಲನ್ನು ಹಿಂಡಿ ಸಣ್ಣ ಮಾಡ್ತವೆ. ಮೂರು ಪ್ರತಿ ಇರ್ಲಿ, ಎರಡು ಬೇರೆ ಬೇರೆ ಬಗೆಯ ಸ್ಟೋರೇಜಲ್ಲಿ, ಒಂದು ಊರಿಂದ ಹೊರಗೆ, ಬೆಂಗ್ಳೂರಲ್ಲಿರುವ ಮಗಳ ಮನೇಲೋ ಕ್ಲೌಡಲ್ಲೋ. ತುಲಾ ತಿಂಗಳ ಗುಡುಗು ಮಿಂಚಿಗೆ ಟಿವಿ ಮೋಡೆಮ್ ಸುಟ್ಟು ಹೋಗುವ ಊರು ನಮ್ಮದು, ಹಾರ್ಡ್ ಡಿಸ್ಕ್ ಪ್ಲಗ್ಗಲ್ಲೇ ಬಿಟ್ಟು ಮಲಗ್ಬೇಡಿ. ಪ್ರತಿ ಫೈಲಿಗೆ ಚೆಕ್‌ಸಮ್ ತೆಗೆದು ಬರೆದಿಡಿ, ಅದು ಫೈಲಿನ ಬೆರಳಚ್ಚು, ವರ್ಷಕ್ಕೊಮ್ಮೆ ತಾಳೆ ಮಾಡಿದ್ರೆ ಒಳಗಿಂದ ಕೆಟ್ಟಿದೆಯಾ ಅಂತ ಗೊತ್ತಾಗ್ತದೆ.

ಇಷ್ಟೆಲ್ಲ ಆದ್ರೂ ನನ್ನ ಲೆಕ್ಕದಲ್ಲಿ ಕೆಲಸ ಅರ್ಧ ಆಯ್ತು ಅಷ್ಟೆ. ಯಾರು ಎಲ್ಲಿ ಯಾವಾಗ ಅಂತ ಬರೆಯದ ವಿಡಿಯೋ ಇದ್ದೂ ಇಲ್ಲದ ಹಾಗೆ. ಮತ್ತೆ ಫಿಲ್ಮು ಫ್ರಿಜ್ಜಲ್ಲಿಟ್ರೆ ಹತ್ತು ವರ್ಷ ಹೆಚ್ಚು ಬದುಕ್ಬಹುದು, ಅದರಲ್ಲಿರುವವರ ಗುರ್ತ ಹೇಳುವ ದೊಡ್ಡಪ್ಪನಿಗೆ ಎಂಬತ್ತೆಂಟು ಆಯ್ತು, ಹಾಗಾದ್ರೆ ಮೊದ್ಲು ಯಾವುದು ಮಾಡ್ಬೇಕು ನೀವೇ ಹೇಳಿ. ಸ್ಕ್ಯಾನ್ ಆದ ಕೂಡ್ಲೆ ಚಾವಡಿಯ ದೊಡ್ಡ ಟಿವಿಗೆ ಹಾಕಿ ಹಿರಿಯರನ್ನು ಕೂರಿಸಿ, ಪಕ್ಕದಲ್ಲಿ ಫೋನಿನ ರೆಕಾರ್ಡರ್ ಓಡ್ತಾ ಇರ್ಲಿ. ಪ್ರಶ್ನೆ ಕೇಳಿ ಕೇಳಿ ಪೋಲೀಸ್ ವಿಚಾರಣೆ ಮಾಡ್ಬೇಡಿ, ಅವರಷ್ಟಕ್ಕೆ ಮಾತಾಡ್ಲಿ, "ಓ ಅದು ಸೀತಾಂಗೋಳಿ ಮಾವ ಅಲ್ವಾ, ಆ ವರ್ಷವೇ ಅವರ ಹೊಸ ಜೀಪು ಬಂದದ್ದು" ಅಂತ ಒಂದು ಮಾತು ಬಿದ್ರೆ ವರ್ಷವೂ ಸಿಕ್ಕಿತು. ನಿಮಿಷ ಸೆಕೆಂಡು ನೋಡಿ ಬರ್ಕೊಳ್ಳಿ, ಎಡದಿಂದ ಬಲಕ್ಕೆ ಹೆಸರು, ಮನೆ ಹೆಸರು, ಸಂಬಂಧ. ಒಬ್ಬೊಬ್ಬರು ಒಂದೊಂದು ಹೇಳಿದ್ರೆ ಎರಡನ್ನೂ ಬರೀರಿ, ಯಾರು ಹೇಳಿದ್ದು ಅಂತಲೂ ಬರೀರಿ, ನೀವು ಜಡ್ಜ್ ಆಗ್ಬೇಡಿ. ಕೆಲಸದವರ, ಅಡಿಗೆಯವರ, ವಾಲಗದವರ ಹೆಸರು ಕೇಳ್ಲಿಕ್ಕೆ ಹೆಚ್ಚಿನವರಿಗೆ ನೆನಪೇ ಇರುವುದಿಲ್ಲ, ಅವರ ಮನೆಯವರಿಗೆ ಅವರ ಓಡಾಟ ಕಾಣುವ ಒಂದೇ ಒಂದು ತುಣುಕು ನಿಮ್ಮ ರೀಲಲ್ಲೇ ಇರ್ಬಹುದು.

ಯಕ್ಷಗಾನ ಆಟದ ರೆಕಾರ್ಡಿಂಗ್ ಆದ್ರೆ ಪ್ರಸಂಗ, ಮೇಳ, ಸ್ಥಳ, ಹಿಮ್ಮೇಳದಲ್ಲಿ ಯಾರು, ವೇಷಕ್ಕೆ ಯಾರು. ಬಣ್ಣದ ಒಳಗಿನ ಮುಖ ಗುರ್ತ ಆಗದಿದ್ರೂ ಎರಡು ಪದ ಕೇಳಿ ಭಾಗವತರು ಯಾರು ಅಂತ ಹೇಳುವವರು, ಚೆಂಡೆಯ ಪೆಟ್ಟು ಕೇಳಿ ಕೈ ಯಾರದ್ದು ಅಂತ ಹೇಳುವವರು ಈಗ್ಲೂ ನಮ್ಮಲ್ಲಿ ಇದ್ದಾರೆ, ಅಂಥವರಿಗೆ ಬರೀ ಆಡಿಯೋ ಕಳಿಸಿದ್ರೂ ಸಾಕು. ರಂಗದ ಹಿಂದಿನ ಬ್ಯಾನರ್ ಕಾಣುವ ಫ್ರೇಮು ನಿಲ್ಲಿಸಿ ಓದಿ.

ವರ್ಷ ಹಿಡೀಲಿಕ್ಕೆ ಇನ್ನೂ ಕೆಲವು ದಾರಿ ಉಂಟು. ಕೊಡಾಕ್ ಫಿಲ್ಮಿನ ಅಂಚಲ್ಲಿ ಸಣ್ಣ ಚೌಕ, ವೃತ್ತ, ತ್ರಿಕೋನ ಇರ್ತದೆ, ಅದು ತಯಾರಾದ ವರ್ಷದ ಗುರ್ತು, ಆದ್ರೆ 20 ವರ್ಷಕ್ಕೊಮ್ಮೆ ಅದೇ ಗುರ್ತು ತಿರುಗಿ ಬರ್ತದೆ, ಹಾಗಾಗಿ ಬೇರೆ ಸಾಕ್ಷಿ ಜೊತೆ ಸೇರಿಸಿ ನೋಡ್ಬೇಕು. ಜೀಪಿನ ನಂಬರ್ ಪ್ಲೇಟಲ್ಲಿ ಕೆಎಲ್ 14 ಕಂಡ್ರೆ ಅದು 1980ರ ದಶಕದ ಕೊನೆಗಿಂತ ಹಿಂದಿನದ್ದಲ್ಲ. ಬೋರ್ಡುಗಳಲ್ಲಿ ಜಿಲ್ಲೆ ಹೆಸರು ನೋಡಿ, 1956ರ ನವೆಂಬರ್ 1ಕ್ಕೆ ನಾವು ದಕ್ಷಿಣ ಕನ್ನಡದಿಂದ ಕೇರಳಕ್ಕೆ ಹೋದದ್ದು, ಮರುವರ್ಷದಿಂದ ಕಣ್ಣೂರು ಜಿಲ್ಲೆ, ಕಾಸರಗೋಡು ಅಂತ ಬೇರೆ ಜಿಲ್ಲೆ ಆದದ್ದು 1984ರ ಮೇ 24ಕ್ಕೆ. ಶಾಲೆ ಬೋರ್ಡಲ್ಲಿ ಕಣ್ಣೂರು ಜಿಲ್ಲೆ ಅಂತ ಇದ್ರೆ ಆ 27 ವರ್ಷದ ಒಳಗಿನ ಬೋರ್ಡು, ಪೈಂಟ್ ಬದಲಿಸದೆ ಬಿಟ್ಟದ್ದೂ ಇರ್ಬಹುದು ಅನ್ನಿ. ಒಂದೇ ಮದುವೆ ವಿಡಿಯೋದಲ್ಲಿ ಕನ್ನಡ, ತುಳು, ಮಲಯಾಳ, ಬ್ಯಾರಿ ನಾಲ್ಕೂ ಕೇಳುವ ಊರು ನಮ್ಮದು, ಯಾವ ನಿಮಿಷಕ್ಕೆ ಯಾವ ಭಾಷೆ ಅಂತ ಗುರ್ತು ಹಾಕಿ, ಊರ ಹೆಸರನ್ನು ಕುಂಬಳೆ, ಕುಂಬ್ಳೆ, ಕುಂಬಳ ಅಂತ ಜನ ಬರೆಯುವ ಎಲ್ಲ ರೀತಿಯಲ್ಲೂ ಸೇರಿಸಿ, ಮುಂದೆ ಹುಡುಕುವವರು ಯಾವುದು ಟೈಪ್ ಮಾಡ್ತಾರೆ ಅಂತ ಹೇಳ್ಲಿಕ್ಕಾಗುವುದಿಲ್ಲ.

ಪಬ್ಲಿಕ್ಕಾಗಿ ಹಾಕುವ ಮೊದ್ಲು ಚೂರು ಯೋಚನೆ ಮಾಡಿ. ದುಡ್ಡು ಕೊಟ್ಟು ತೆಗೆಸಿದ ಮದುವೆ ವಿಡಿಯೋ, ಬೇರೆ ಒಪ್ಪಂದ ಇಲ್ಲದಿದ್ರೆ, ನಮ್ಮ ಕಾಪಿರೈಟ್ ಕಾಯ್ದೆ ಪ್ರಕಾರ ತೆಗೆಸಿದವರದ್ದೇ. ಆದ್ರೆ ಅದರ ಮೇಲೆ ವಿಡಿಯೋದವರು ತುಂಬಿಸಿದ ಸಿನಿಮಾ ಹಾಡು ನಿಮ್ಮದಲ್ಲ. ಆಟದ ಕಲಾವಿದರಿಗೂ ಪ್ರದರ್ಶಕರ ಹಕ್ಕು ಅಂತ 50 ವರ್ಷದ್ದು ಉಂಟು. ನೇಮ, ಕೋಲದ ಕೆಲವು ಭಾಗ ಹೊರಗಿನವರು ನೋಡ್ಬಾರದು ಅಂತ ಆ ತರವಾಡಿನವರಿಗೆ, ಕಟ್ಟುವವರಿಗೆ ಇರ್ಬಹುದು, ಅವರ ಹತ್ರ ಕೇಳಿಯೇ ಹಾಕಿ, ಬೇಡ ಅಂದ್ರೆ ಬೇಡ, ಉಳಿಸುವುದು ಬೇರೆ, ತೋರಿಸುವುದು ಬೇರೆ.

ಡಿಜಿಟಲ್ ಆಯ್ತಲ್ಲ ಅಂತ ಮೂಲ ರೀಲನ್ನು ಬಿಸಾಡುವವರಿಗೆ ಎಷ್ಟು ಹೇಳಿದ್ರೂ ಸಾಲದು. ನಾಳೆ ಇನ್ನೂ ಒಳ್ಳೆ ಸ್ಕ್ಯಾನರ್ ಬಂದ್ರೆ ಮತ್ತೆ ಬೇಕಾಗುವುದು ಅದೇ ಪಟ್ಟಿ. ಇಡ್ಲಿಕ್ಕೆ ಆಗುವುದೇ ಇಲ್ಲ ಅಂತಾದ್ರೆ, ಊರಿನ ಚರಿತ್ರೆಗೆ ಸಂಬಂಧಪಟ್ಟದ್ದಾದ್ರೆ, ಪುಣೆಯ ಆರ್ಕೈವಿನವರಿಗೋ 2014ರಲ್ಲಿ ಮುಂಬೈಯಲ್ಲಿ ಶುರುವಾದ ಫಿಲ್ಮ್ ಹೆರಿಟೇಜ್ ಫೌಂಡೇಶನಿನವರಿಗೋ ಬರೆದು ಕೇಳಿ, ಎಷ್ಟು ರೀಲು, ಎಷ್ಟು ಮಿಲಿಮೀಟರ್, ಯಾವ ಸ್ಥಿತಿ, ಒಳಗೆ ಎಂತ ಉಂಟು ಅಂತ ಒಂದು ಪಟ್ಟಿ, ನಾಲ್ಕು ಫೋಟೋ ಜೊತೆಗೆ. ಕೊಡುವುದಾದ್ರೆ ಹಕ್ಕು ಯಾರ ಹತ್ರ ಉಳೀತದೆ, ನಮಗೆ ಡಿಜಿಟಲ್ ಪ್ರತಿ ಸಿಗ್ತದಾ ಅಂತ ಕಾಗದದಲ್ಲಿ ಬರೆಸಿಕೊಳ್ಳಿ, ಹಿರಿಯರು ಹೇಳಿದ್ದರ ರೆಕಾರ್ಡಿಂಗ್, ಬರೆದ ಪುಸ್ತಕ ಎರಡರದ್ದೂ ಕಾಪಿ ಅದೇ ಪೆಟ್ಟಿಗೆಗೆ ಹಾಕಿ ಕಳಿಸಿ. ಮಳೆಗಾಲದಲ್ಲಿ ಮಾತ್ರ ಕೊರಿಯರ್ ಮಾಡ್ಬೇಡಿ, ನವೆಂಬರ್ ಕಳೀಲಿ.